ಹೂಂ ಅನ್ನುವವಳು

ರಾಯಚೂರು
13 ಮೇ 2025

ಗಿರಿಜಕ್ಕನಿಗೆ ಚಿನ್ಮಯಿ ಬರೆಯುವುದು.

ನಿನಗೆ ಕಾಗದ ಬರೆಯುತ್ತೇನೆ ಎಂದಾಗ ನಮ್ಮ ಮನೆಯವರು ನಕ್ಕರು. “ಮತ್ತ ಫೋನ್ ಯಾಕ ಕೊಡಿಸೀನಿ ನಿನಗ?” ಎಂದರು. ಫೋನ್ ಇದೆ ಅಕ್ಕ, ಅದರಲ್ಲಿ ಮಾತಾಡುವ ಜಾಗ ಇಲ್ಲ. ಮನೆಯಲ್ಲಿ ಎರಡು ಕೋಣೆ, ನಡುವೆ ಒಂದು ಪರದೆ. ನಾನು ನಕ್ಕರೆ ಅತ್ತೆ “ಯಾರದು?” ಎನ್ನುತ್ತಾರೆ. ನಗದಿದ್ದರೆ “ಏನಾತು?” ಎನ್ನುತ್ತಾರೆ. ನಿನ್ನ ಫೋನಂತೂ ಹಗಲೆಲ್ಲ ವರ್ಕ್‌ಶಾಪಿನ ಬಾಗಿಲ ಹತ್ತಿರ ಡಬ್ಬಿಯಲ್ಲಿ ಬಿದ್ದಿರುತ್ತದೆ. ಅದಕ್ಕೆ ನಾನು ನಿನ್ನ ಮನೆಯ ವಿಳಾಸಕ್ಕೆ ಟಪಾಲು ಹಾಕುತ್ತೇನೆ. ನೀನು ನಿನ್ನ ಉತ್ತರವನ್ನು ವಾರದ ಬಸ್ ಪಾರ್ಸೆಲ್ಲಿನಲ್ಲಿ ಸರ್ವರಿನ ನೆಟ್‌ವರ್ಕ್ ಕಾರ್ಡುಗಳ ಕೆಳಗೆ ಇಡು. ಇಲ್ಲಿ ಪೆಟ್ಟಿಗೆ ಬಿಚ್ಚುವುದು ನನ್ನ ಕೆಲಸ.

ಇವರ ಅಂಗಡಿ ಬಸ್ ಸ್ಟ್ಯಾಂಡಿನ ಹಿಂದೆ ಇದೆ. ಮುಂದೆ ಝೆರಾಕ್ಸ್, ಹಿಂದೆ ಕಂಪ್ಯೂಟರ್ ರಿಪೇರಿ. ವರ್ಕ್‌ಶಾಪಿನ ಯಜಮಾನರು ಅಮೃತಪ್ಪನವರು ಹೈದರಾಬಾದಿನಿಂದ ಕಳಿಸುವ ಹಳೆಯ ಸರ್ವರ್ ಸಾಮಾನನ್ನು ಇವರು ಇಲ್ಲಿನ ಕಾಲೇಜು, ಆಸ್ಪತ್ರೆಗಳಿಗೆ ಕೊಡುತ್ತಾರೆ. ಇವರು ಒಳ್ಳೆಯವರು. ಅತ್ತೆಯೂ ಕೆಟ್ಟವರಲ್ಲ. ಊಟಕ್ಕೆ ತೊಂದರೆ ಇಲ್ಲ.

ಇದನ್ನೆಲ್ಲ ಹೇಳಲು ಕಾಗದ ಬರೆಯುತ್ತಿಲ್ಲ. ಒಂದೇ ಮಾತು ಕೇಳಬೇಕು. ನಾನು ಮದುವೆಯಾಗಿ ಬಂದ ಮೇಲೆ ವರ್ಕ್‌ಶಾಪಿನಲ್ಲಿ ನಿನ್ನ ಪಕ್ಕ ನನ್ನ ಜಾಗದಲ್ಲಿ ಯಾರು ಕೂತಿದ್ದಾರೆ?

ಒಬ್ಬರಿಂದ ಆಗುವ ಕೆಲಸ ಅಲ್ಲವಲ್ಲ ಅದು. ಕಾರ್ಡನ್ನು ಮೆಷಿನ್ನಿಗೆ ಹಾಕಿದ ಮೇಲೆ ಅದರ ಬೆನ್ನು ಕಾಣುವುದಿಲ್ಲ. ಅದಕ್ಕೆ ಬೆನ್ನ ಮೇಲಿನ ನಂಬರನ್ನು ಮೊದಲೇ ನೋಡಿ, ಹೊರಗೆ ಕಾಣುವ ತಗಡಿನ ಪಟ್ಟಿಗೆ ಬಿಳಿ ಟೇಪು ಅಂಟಿಸಿ ನಾನು ಬರೆಯುತ್ತಿದ್ದೆ. ನೀನು ಕಪ್ಪು ಪರದೆಯ ಮೇಲೆ ಕಮಾಂಡ್ ಕೊಟ್ಟು, ನೀನು ಯಾರು ಎಂದು ಕಾರ್ಡನ್ನೇ ಕೇಳುತ್ತಿದ್ದೆ. ಅದು ತನ್ನ ನಂಬರ್ ಹೇಳುತ್ತಿತ್ತು. “ಹಳೇದು ಉಳಿಸಿಕೊಂಡಿ?” ಎಂದು ನಾನು ಕೇಳುತ್ತಿದ್ದೆ. ಕಾರ್ಡಿನೊಳಗಿನ ಹಳೆಯ ಪ್ರೋಗ್ರಾಮನ್ನು ನೀನು ಫೈಲ್ ಮಾಡಿ ಇಡುತ್ತಿದ್ದೆ. ಆಮೇಲೆ ಕಾರ್ಡಿಗೆ ತುಂಬಬೇಕಾದ ಹೊಸ ಪ್ರೋಗ್ರಾಮ್ ಫೈಲಿನ ನಂಬರ್, ಕಾರ್ಡ್ ಹೇಳಿದ ನಂಬರ್, ಟೇಪಿನ ನಂಬರ್ ಗಟ್ಟಿಯಾಗಿ ಓದುತ್ತಿದ್ದೆ ನಾನು. ಮೂರೂ ಒಂದೇ ಆದರೆ ಮಾತ್ರ “ಹೂಂ” ಎನ್ನುತ್ತಿದ್ದೆ. ಹೂಂ ಕೇಳದೆ ನೀನು ಎಂಟರ್ ಒತ್ತಿದ್ದಿಲ್ಲ. ಬರೆದು ಮುಗಿಯುವವರೆಗೆ ಇಬ್ಬರೂ ಮೇಜನ್ನು ಮುಟ್ಟದೆ, ಮಗು ಮಲಗಿದ ಮನೆಯಲ್ಲಿ ಕೂತಂತೆ ಕೂತಿರುತ್ತಿದ್ದೆವು.

ಈಗ ಹೂಂ ಅನ್ನುವವಳು ಯಾರು? ಬರೆ.

ನಿನ್ನ
ಚಿನ್ಮಯಿ


ಹೈದರಾಬಾದ್
21 ಮೇ 2025

ಚಿನ್ನೂ,

ನಿನ್ನ ಕಾಗದ ಮುಟ್ಟಿತು. ನನಗೆ ಬರೆದು ರೂಢಿ ಇಲ್ಲ, ತಪ್ಪಿದ್ದರೆ ನೋಡಿಕೋ.

ಹೊಸಬಳು ಬಂದಿದ್ದಾಳೆ. ಹೆಸರು ಪೂರ್ವಿ. ಲಿಂಗಂಪಲ್ಲಿಯಿಂದ ರೈಲಿನಲ್ಲಿ ನಾಂಪಲ್ಲಿಗೆ ಬರುತ್ತಾಳೆ. ತಂದೆ ಸರಕಾರಿ ಕಾರ್ಖಾನೆಯಲ್ಲಿದ್ದಾರೆ, ಮೂಲ ಶಿವಮೊಗ್ಗದ ಕಡೆಯವರು. ಪೂರ್ವಿ ಡಿಪ್ಲೊಮಾ ಮಾಡಿದ್ದಾಳೆ. ನಮ್ಮ ಮಾತು ಅವಳಿಗೆ ಮೊದಲು ತಿಳಿಯುತ್ತಿರಲಿಲ್ಲ. ಅಮೃತಪ್ಪನವರು “ಆ ಡಬ್ಬಿ ಒಗಿ ಈ ಕಡೆ” ಎಂದರೆ, ಎಸೆ ಎನ್ನುತ್ತಿದ್ದಾರೆಂದು ತಿಳಿಯದೆ ನಿಜವಾಗಿಯೂ ತೊಳೆಯಲು ಹೊರಟಿದ್ದಳು. ವರ್ಕ್‌ಶಾಪ್ ಎಲ್ಲ ನಕ್ಕಿತು. ಅವಳೂ ನಕ್ಕಳು.

ಕೆಲಸದಲ್ಲಿ ಚುರುಕು. ಈಗ ಪೂರ್ವಿಯೇ ಟೈಪ್ ಮಾಡುತ್ತಾಳೆ. ಕಮಾಂಡ್ ಒಂದಕ್ಷರ ತಪ್ಪುವುದಿಲ್ಲ. ನಾನು ಪಕ್ಕದಲ್ಲಿರುತ್ತೇನೆ. ಮಧ್ಯಾಹ್ನ ಅವಳ ಡಬ್ಬಿಯಲ್ಲಿ ಚಿತ್ರಾನ್ನ ಇರುತ್ತದೆ, ಹುಳಿ ಸ್ವಲ್ಪ ಕಡಿಮೆ.

ಬಿಸಿಲು ಬಹಳ. ಕೂಲರ್ ಕೆಟ್ಟಿದೆ. ನಿನ್ನ ಗಂಡ ಸೂರ್ಯಕಾಂತನಿಗೆ, ನಿಮ್ಮ ಅತ್ತೆಗೆ ನಮಸ್ಕಾರ ಹೇಳು.

ಗಿರಿಜಾಬಾಯಿ


ರಾಯಚೂರು
2 ಜೂನ್ 2025

ಅಕ್ಕ,

ನಿನ್ನ ಕಾಗದವನ್ನು ಮತ್ತೆ ಮತ್ತೆ ಓದಿದೆ. ಅದರಲ್ಲಿ ಪೂರ್ವಿ ಎಷ್ಟು ಕಡೆ ಇದ್ದಾಳೆ, ನಾನು ಎಷ್ಟು ಕಡೆ ಇದ್ದೇನೆ ನೀನೇ ನೋಡು. ನಾನು ಇರುವುದು ಮೇಲೆ ಒಂದು ಕಡೆ. ಅದೂ ಕಾಗದಕ್ಕೆ ಒಂದು ಹೆಸರು ಬೇಕಲ್ಲ ಎಂದು.

ಪೂರ್ವಿಯೇ ಟೈಪ್ ಮಾಡುತ್ತಾಳೆ ಎಂದು ಎಷ್ಟು ಸುಲಭವಾಗಿ ಬರೆದುಬಿಟ್ಟೆ! ನಾನು ಎರಡು ವರ್ಷ ನಿನ್ನ ಎಡಗಡೆ ಕೂತೆ. ಒಂದು ದಿನವೂ ಕೀಬೋರ್ಡ್ ಈ ಕಡೆ ಸರಿಯಲಿಲ್ಲ. ನಾನು ಬಾಯಿಬಿಟ್ಟು ಕೇಳಲಿಲ್ಲ, ನಿಜ. ಕೇಳುವುದಕ್ಕೆ ನಾಚಿಕೆಯಾಗುತ್ತಿತ್ತು. ಆದರೆ ನಿನಗೆ ಕಾಣಲಿಲ್ಲವೇ? ಒಮ್ಮೆ ನೀನು ಚಹಾ ಕುಡಿಯಲು ಎದ್ದಾಗ ನಾನು ಒಂದೇ ಒಂದು ಅಕ್ಷರ ಒತ್ತಿ ನೋಡಿದ್ದೆ. ನೀನು ಬಂದು ಅದನ್ನು ಅಳಿಸಿದೆ. ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು.

ನನ್ನದು ಐದನೇ ಇಯತ್ತೆ, ಆಕೆಯದು ಡಿಪ್ಲೊಮಾ. ಅದಕ್ಕೇ ಇರಬೇಕು. ಆದರೆ ಇಂಗ್ಲಿಷಿನ ಅಕ್ಷರ ಆಕೆಗೂ ಇಪ್ಪತ್ತಾರು, ನನಗೂ ಇಪ್ಪತ್ತಾರು. ಆಕೆಗೆ ಹೆಚ್ಚಿಗೆ ಕೊಟ್ಟಿಲ್ಲ.

ಚಿತ್ರಾನ್ನದ ಹುಳಿ ಕಡಿಮೆ ಎಂದು ಗೊತ್ತಾಗಬೇಕಾದರೆ ನೀನು ದಿನಾ ತಿನ್ನುತ್ತೀ ಎಂದಾಯಿತು. ನಾನು ತರುತ್ತಿದ್ದ ಪುಂಡಿ ಪಲ್ಯ, ರೊಟ್ಟಿಗೆ “ನನಗ ಪಿತ್ತ ಆಗ್ತೈತಿ” ಎನ್ನುತ್ತಿದ್ದೆ. ಈಗ ಪಿತ್ತ ಎಲ್ಲಿ ಹೋಯಿತು? ಬರುವ ಜನವರಿಗೆ ನುಮಾಯಿಷ್ ವಸ್ತುಪ್ರದರ್ಶನಕ್ಕೂ ಆಕೆಯ ಕೈ ಹಿಡಿದುಕೊಂಡು ಹೋಗು. ಜಾಯಿಂಟ್ ವೀಲಿನಲ್ಲಿ ನೀನು ಕಣ್ಣು ಮುಚ್ಚಿ ಕೂಗುತ್ತೀ ಎಂದು ಆಕೆಗೆ ಮೊದಲೇ ಹೇಳಿರು, ಹೆದರಿಯಾಳು.

ನಾನು ಹೀಗೆಲ್ಲ ಬರೆಯುವವಳಲ್ಲ ಎಂದು ನಿನಗೆ ಗೊತ್ತು. ಬಾಯಲ್ಲಿ ಬರುವುದಿಲ್ಲ, ಪೆನ್ನಿನಲ್ಲಿ ಬರುತ್ತಿದೆ. ಬರಲಿ.

ಇಲ್ಲಿ ಅಂಗಡಿಯ ಮೆಷಿನ್ನಿನಲ್ಲಿ ಆ ಕಮಾಂಡ್ ಇದೆ. ಕಾರ್ಡ್ ಬಂದ ಮೇಲೆ ಪರೀಕ್ಷೆ ಮಾಡಿ ಎಂದು ಅಮೃತಪ್ಪನವರೇ ಪೆನ್‌ಡ್ರೈವಿನಲ್ಲಿ ಫೈಲುಗಳ ಸಮೇತ ಕೊಟ್ಟಿದ್ದಾರೆ. ಒಂದು ಕೆಟ್ಟ ಕಾರ್ಡ್ ಕಳಿಸು. ನಾನು ಅದರ ಮೇಲೆ ಕಲಿಯುತ್ತೇನೆ. ಇದು ಮಾತ್ರ ನಾನು ನಿನ್ನನ್ನು ಬಾಯಿಬಿಟ್ಟು ಕೇಳುತ್ತಿರುವುದು.

ಚಿನ್ಮಯಿ


ಹೈದರಾಬಾದ್
19 ಜೂನ್ 2025

ಚಿನ್ನೂ,

ಹೋದ ವಾರ ನನಗೆ ಜ್ವರ ಇತ್ತು, ಬರೆಯಲಾಗಲಿಲ್ಲ. ಕೆಟ್ಟ ಕಾರ್ಡ್ ಸದ್ಯ ಯಾವುದೂ ಇಲ್ಲ.

ಈ ಪೆಟ್ಟಿಗೆಯಲ್ಲಿ ಕಾಲೇಜಿನ ಕಾರ್ಡ್ ಇದೆ. ಎಲ್ಲಾ ತಯಾರು ಮಾಡಿ ಕಳಿಸಿದ್ದೇವೆ. ನೀನು ಅದಕ್ಕೆ ಕೈ ಹಚ್ಚಬೇಡ, ಹಾಗೇ ಸೂರ್ಯಕಾಂತನ ಕೈಗೆ ಕೊಡು.

ನಾಗರ ಪಂಚಮಿಗೆ ತವರಿಗೆ ಬರುತ್ತೀಯಲ್ಲ? ಆಗ ಮಾತಾಡೋಣ.

ಗಿರಿಜಾಬಾಯಿ


ರಾಯಚೂರು
27 ಜೂನ್ 2025

ಗಿರಿಜಕ್ಕ,

ಈ ಕಾಗದವನ್ನು ಯಾರ ಮುಂದೆಯೂ ಓದಬೇಡ. ನಾನು ಕಾಲೇಜಿನ ಕಾರ್ಡನ್ನು ಸಾಯಿಸಿದ್ದೇನೆ.

ಕೈ ಹಚ್ಚಬೇಡ ಎಂದು ನೀನು ಬರೆದಿರದಿದ್ದರೆ ಬಹುಶಃ ಹಚ್ಚುತ್ತಿರಲಿಲ್ಲ. ಕಾರ್ಡಿಗೆ ಕಟ್ಟಿದ ಚೀಟಿಯ ಮೇಲೆ “ತಯಾರಿದೆ, ಪೂರ್ವಿ” ಎಂದು ದುಂಡನೆಯ ಅಕ್ಷರ. ಆದರೆ ತಗಡಿನ ಪಟ್ಟಿಯ ಮೇಲಿನ ಬಿಳಿ ಟೇಪಿನಲ್ಲಿ ನನ್ನ ಕೈಬರಹ. ನನ್ನ ಏಳು ಒಂದರ ಹಾಗೆ ಕಾಣಬಾರದೆಂದು ನಡುವೆ ಗೀಟು ಎಳೆಯುತ್ತೇನಲ್ಲ, ಆ ಗೀಟೂ ಇತ್ತು. ನೋಡಿ ಕಣ್ಣಲ್ಲಿ ನೀರು ಬಂತು. ನನ್ನ ಕಾರ್ಡು, ನನ್ನ ಬರಹ, ಮೇಲೆ ಆಕೆಯ ಚೀಟಿ.

ಇವರು ಊಟಕ್ಕೆ ಮನೆಗೆ ಹೋಗಿದ್ದರು. ಕಾರ್ಡನ್ನು ಮೆಷಿನ್ನಿಗೆ ಹಾಕಿ, ನೀನು ಯಾರು ಎಂದು ಕೇಳಿದೆ. ಅದು ಟೇಪಿನಲ್ಲಿ ಇದ್ದ ನಂಬರ್ ಹೇಳಲಿಲ್ಲ. ಬೇರೆಯೇ ಹೇಳಿತು. ಆಗ ನನಗಾದ ಸಂತೋಷವನ್ನು ನಿನಗೆ ಹೇಳಲೇಬೇಕು ಅಕ್ಕ. ಮದುವೆಯ ದಿನ ಕೂಡ ನನಗೆ ಅಷ್ಟು ಸಂತೋಷವಾಗಿರಲಿಲ್ಲ. ಆಕೆ ತಪ್ಪಿದ್ದಾಳೆ ಎಂದುಕೊಂಡೆ. ಡಿಪ್ಲೊಮಾದವಳು ಬೇರೆ ಯಾವುದೋ ಕಾರ್ಡಿನ ಪ್ರೋಗ್ರಾಮನ್ನು ಇದಕ್ಕೆ ತುಂಬಿದ್ದಾಳೆ, ನೀನು ಪಕ್ಕದಲ್ಲಿದ್ದೂ ನೋಡಿಲ್ಲ, ನಾನು ಇದ್ದಿದ್ದರೆ ಹಿಡಿಯುತ್ತಿದ್ದೆ. ಇದನ್ನು ಸರಿ ಮಾಡಿ ನಿನಗೆ ಬರೆಯಬೇಕು ಎಂದು ಕಾಗದದ ಮಾತುಗಳನ್ನು ಕೂಡ ಮನಸ್ಸಿನಲ್ಲಿ ಜೋಡಿಸಿದೆ.

ಟೇಪಿನ ನಂಬರಿನ ಫೈಲು ಪೆನ್‌ಡ್ರೈವಿನಲ್ಲಿತ್ತು. ಕಮಾಂಡ್ ಕೊಟ್ಟೆ. ಫೈಲು ಬೇರೆ ಕಾರ್ಡಿನದು, ಇದಕ್ಕೆ ಹೊಂದುವುದಿಲ್ಲ ಎಂದು ಹೇಳಿ ಅದು ನಿಂತುಬಿಟ್ಟಿತು. ಹೊಂದದಿದ್ದರೂ ಬರೆ ಎನ್ನಲು ಕಮಾಂಡಿನಲ್ಲಿ ಸೇರಿಸುವ ಒಂದು ಪದ ಇದೆ. ನೀನು ಅದನ್ನು ಬಳಸಿದ್ದು ನಾನು ನೋಡಿಲ್ಲ. ಅದರ ಸಹಾಯದ ಪುಟದಲ್ಲಿ ನೋಡಿದ್ದೆ. ಅದನ್ನು ಹಾಕಿದೆ. ನಿನ್ನ ಹಾಗೆ ಬೆನ್ನು ನೆಟ್ಟಗೆ ಮಾಡಿ ಕೂತೆ. ನಾನೇ ಓದಿದೆ, ನಾನೇ ಹೂಂ ಎಂದೆ, ನಾನೇ ಒತ್ತಿದೆ.

ಪೂರ್ತಿ ಬರೆಯಿತು. ಆಫ್ ಮಾಡಿ ಮತ್ತೆ ಆನ್ ಮಾಡಿದೆ. ಕಾರ್ಡ್ ಇಲ್ಲ. ಪರದೆಯ ಮೇಲೆ ಇಲ್ಲ, ಹಿಂದೆ ದೀಪವಿಲ್ಲ. ಮೆಷಿನ್ನಿಗೆ ಅಲ್ಲಿ ಒಂದು ಕಾರ್ಡ್ ಇದೆ ಎನ್ನುವುದೇ ಗೊತ್ತಿಲ್ಲ.

ಆಗ ಹೊರಗೆ ತೆಗೆದು ಬೆನ್ನು ನೋಡಿದೆ. ಬೆನ್ನ ಮೇಲೆ ಅಚ್ಚಾದ ನಂಬರ್, ಅದು ಮೊದಲು ಹೇಳಿದ್ದ ನಂಬರೇ. ಟೇಪೇ ಬೇರೆ. ಕಾಲೇಜಿನ ಸರ್ವರ್ ತೆಳ್ಳಗಿನದು, ಅದಕ್ಕೆ ಗಿಡ್ಡ ಪಟ್ಟಿ ಬೇಕು. ನೀವು ಯಾವುದೋ ಹಳೆಯ ಕಾರ್ಡಿನ ಗಿಡ್ಡ ಪಟ್ಟಿ ಬಿಚ್ಚಿ ಇದಕ್ಕೆ ಕೂರಿಸಿದ್ದೀರಿ. ನನ್ನ ಟೇಪು ಪಟ್ಟಿಯ ಜೊತೆ ಬಂದಿದೆ. ಕಾರ್ಡ್ ನಿಜ ಹೇಳಿತ್ತು. ನಾನು ನನ್ನ ಕೈಬರಹವನ್ನು ನಂಬಿದೆ.

ಒಂದು ಮಾತ್ರ ಮಾಡಿದ್ದೇನೆ. ಬರೆಯುವ ಮೊದಲು ಅದರೊಳಗೆ ಇದ್ದದ್ದನ್ನು ಉಳಿಸಿಕೊಂಡಿದ್ದೇನೆ. ಅದಿಲ್ಲದೆ ಮುಂದೆ ಹೋಗಲು ಕೈ ಬರಲಿಲ್ಲ. ಆದರೆ ಕಾರ್ಡೇ ಕಾಣದಿದ್ದರೆ ಉಳಿಸಿದ್ದನ್ನು ಎಲ್ಲಿ ಬರೆಯಲಿ?

ಜುಲೈ ಹನ್ನೊಂದಕ್ಕೆ ಕಾಲೇಜಿಗೆ ಕೊಡಬೇಕು. ಕೊಡದಿದ್ದರೆ ಇಡೀ ಲ್ಯಾಬಿನ ಕೆಲಸ ಇವರ ಕೈ ತಪ್ಪಿ ಬೇರೆ ಅಂಗಡಿಗೆ ಹೋಗುತ್ತದೆ. ಇವರಿಗೆ ಹೇಳಿಲ್ಲ. ಕಾರ್ಡನ್ನು ಚೀಟಿಯ ಸಮೇತ ಮತ್ತೆ ಪೆಟ್ಟಿಗೆಯಲ್ಲಿ ಇಟ್ಟಿದ್ದೇನೆ. ನಿಮಗೆ ವಾಪಸ್ ಕಳಿಸೋಣವೆಂದರೆ ತಿರುಗಿ ಬಂದ ಪೆಟ್ಟಿಗೆಯನ್ನು ಅಮೃತಪ್ಪನವರೇ ಬಿಚ್ಚುತ್ತಾರೆ.

ಏನು ಮಾಡಬೇಕು, ನೀನು ಬರೆ. ನಿನ್ನ ಕಾಲಿಗೆ ಬೀಳುತ್ತೇನೆ, ಪೂರ್ವಿಗೆ ಮಾತ್ರ ಹೇಳಬೇಡ.

ಚಿನ್ಮಯಿ


ಹೈದರಾಬಾದ್
3 ಜುಲೈ 2025

ಚಿನ್ಮಯಿ ಅವರಿಗೆ,

ನಾನು ಪೂರ್ವಿ. ನನಗೆ ಹೇಳಬೇಡ ಎಂದು ನೀವು ಬರೆದ ಸಾಲನ್ನೂ ಓದಿದೆ. ಗಿರಿಜಕ್ಕ ನಿಮ್ಮ ಕಾಗದವನ್ನು ತಂದು ನನ್ನ ಮುಂದೆ ಇಟ್ಟರು. “ಪಟ್ಟಿ ಹಚ್ಚಿದಾಕಿ ನೀ. ಹಳೇ ಟೇಪ್ ಕಿತ್ತು ಹಚ್ಚಬೇಕಿತ್ತು, ಕೀಳಲಿಲ್ಲ. ನೀನೇ ಬರಿ” ಎಂದರು. ಹೌದು, ಕೀಳಬೇಕಿತ್ತು. ನಿಮ್ಮ ಅಕ್ಷರ ಎಲ್ಲ ಪಟ್ಟಿಗಳ ಮೇಲೂ ಇರುತ್ತದೆ. ನೋಡಿ ನೋಡಿ ಅದು ಕಣ್ಣಿಗೆ ಬೀಳುವುದೇ ನಿಂತಿದೆ.

ಕಾರ್ಡ್ ಸತ್ತಿಲ್ಲ. ತನ್ನ ನೆನಪಿನಲ್ಲಿ ಇರುವ ತಪ್ಪು ಪ್ರೋಗ್ರಾಮನ್ನು ಓದಲು ಹೋಗಿ ಸಿಕ್ಕಿಕೊಂಡಿದೆ. ಅದಕ್ಕೆ ಆ ನೆನಪು ಕಾಣದ ಹಾಗೆ ಮಾಡಿ ಎಬ್ಬಿಸಬೇಕು. ಕಾರ್ಡಿನ ಮೂಲೆಯಲ್ಲಿ ಎರಡು ಸಣ್ಣ ಪಿನ್ನು ಜೊತೆಯಾಗಿ ನಿಂತಿವೆ. ಗಿರಿಜಕ್ಕ ಚಿತ್ರ ಬರೆದು ಇದರ ಜೊತೆ ಇಟ್ಟಿದ್ದಾರೆ. ಮೆಷಿನ್ ಪೂರ್ತಿ ಆಫ್ ಇರುವಾಗ ಈ ಸಲದ ಪೆಟ್ಟಿಗೆಯಲ್ಲಿ ಕಳಿಸಿರುವ ಪುಟ್ಟ ಕರಿ ಟೊಪ್ಪಿಗೆಯನ್ನು ಅವೆರಡರ ಮೇಲೆ ಕೂರಿಸಿ ಆನ್ ಮಾಡಿ. ಕಾರ್ಡ್ ಬೇರೆ ಹೆಸರಿನಲ್ಲಿ ಕಾಣುತ್ತದೆ, ಗಾಬರಿಯಾಗಬೇಡಿ. ಕಂಡ ಮೇಲೆ ಮೆಷಿನ್ ಆನ್ ಇರುವಾಗಲೇ ಟೊಪ್ಪಿಗೆಯನ್ನು ಪ್ಲಾಸ್ಟಿಕ್ ಚಿಮಟದಿಂದ ಮೆಲ್ಲಗೆ ಎತ್ತಿ, ಬೇರೆ ಏನನ್ನೂ ತಾಗಿಸಬೇಡಿ. ನೀವು ಉಳಿಸಿಕೊಂಡ ಫೈಲನ್ನೇ ಬರೆಯಿರಿ. ಬೇರೆ ಕಾರ್ಡಿನ ಫೈಲ್ ಬೇಡ, ನೆಟ್‌ವರ್ಕಿನಲ್ಲಿ ಇದನ್ನು ಗುರುತಿಸುವ ಸ್ವಂತ ವಿಳಾಸ ನೀವು ಉಳಿಸಿದ್ದರಲ್ಲಿ ಮಾತ್ರ ಇದೆ. ಆ ಬಲವಂತದ ಪದವನ್ನು ಸೇರಿಸಬೇಕಾಗಿ ಬಂದರೆ ನಿಲ್ಲಿಸಿ, ಫೋನ್ ಮಾಡಿ. ಮುಗಿದ ಮೇಲೆ ಬರೀ ರೀಸ್ಟಾರ್ಟ್ ಸಾಲದು, ವೈರ್ ಕಿತ್ತು ಸ್ವಲ್ಪ ಹೊತ್ತು ಬಿಟ್ಟು ಹಾಕಿ. ಒಬ್ಬರೇ ಮಾಡಬೇಡಿ. ನಿಮ್ಮ ಯಜಮಾನರಿಗೆ ಹೇಳಿ.

ಇದಿಷ್ಟು ಗಿರಿಜಕ್ಕ ಬರೆಸಿದ್ದು. ಅವರು ಈಗ ಚಹಾ ಕುಡಿಯಲು ಹೋಗಿದ್ದಾರೆ. ಇನ್ನು ಮುಂದಿನದು ನನ್ನದು.

ನಾನು ಕೀಬೋರ್ಡ್ ಕೇಳಿರಲಿಲ್ಲ. ಬಂದ ದಿನ ನೀವು ಕೂರುತ್ತಿದ್ದ ಎಡಗಡೆ ಕೂತು ನಂಬರ್ ಓದಲು ಹೊರಟೆ. ಗಿರಿಜಕ್ಕ ಏಳಿಸಿದರು. “ಟೈಪ್ ಯಾರರ ಮಾಡ್ತಾರ. ಈ ಜಾಗ ಹಂಗಲ್ಲವ್ವಾ” ಎಂದರು. ಕೀಬೋರ್ಡನ್ನು ನನ್ನ ಕಡೆ ತಳ್ಳಿ ತಾವು ಆ ಕಡೆ ಕೂತರು. ಅಂದಿನಿಂದ ಓದುವವರು, ಹೂಂ ಅನ್ನುವವರು ಅವರೇ. ಅವರಿಗೆ ಜ್ವರ ಬಂದಿದ್ದಾಗ ಕೆಲಸವೇ ನಿಂತಿತ್ತು, ನನಗೆ ಓದಲು ಬಿಡಲಿಲ್ಲ. ನಾನು ಸರಿ ಮಾಡಿದರೆ ಮಾತಿಲ್ಲ. ತಪ್ಪಿದರೆ “ಚಿನ್ಮಯಿ ಇದ್ದಿದ್ರ ಅಲ್ಲೇ ಹಿಡೀತಿದ್ಲು” ಅನ್ನುತ್ತಾರೆ. ನಿಮ್ಮ ಹೆಸರು ಕೇಳಿ ಕೇಳಿ ನನಗೆ ಸಾಕಾಗಿದೆ. ನೀವು ಇಲ್ಲದ ಮೇಲೂ ನಿಮ್ಮಷ್ಟು ಜಾಗ ಇಲ್ಲಿ ಯಾರಿಗೂ ಇಲ್ಲ.

ನಾನು ತಪ್ಪಿದೆನೆಂದು ನಿಮಗೆ ಸಂತೋಷವಾಯಿತು ಎಂದು ಬರೆದಿದ್ದೀರಿ. ನೀವು ತಪ್ಪಿದಿರಿ ಎಂದು ಓದಿದಾಗ ನನಗೂ ಆಯಿತು. ಸುಳ್ಳು ಯಾಕೆ ಹೇಳಲಿ.

ಪೂರ್ವಿ


ರಾಯಚೂರು
13 ಜುಲೈ 2025

ಗಿರಿಜಕ್ಕ,

ಕಾರ್ಡ್ ಎದ್ದಿತು. ಮೊನ್ನೆ ಕಾಲೇಜಿಗೆ ಹೋಯಿತು, ಅಲ್ಲಿ ಕೆಲಸ ಮಾಡುತ್ತಿದೆ. ಲ್ಯಾಬಿನ ಉಳಿದ ಕೆಲಸವೂ ಇವರಿಗೇ ಸಿಕ್ಕಿದೆ.

ಇವರಿಗೆ ಹೇಳುವುದೇ ದೊಡ್ಡ ಕಷ್ಟವಾಯಿತು. ಪೆಟ್ಟಿಗೆ ತಂದು ಮುಂದೆ ಇಟ್ಟು, ಕಾರ್ಡ್ ನಡೆಯುತ್ತಿಲ್ಲ ಎಂದೆ.

“ಯಾರ್ ಕೆಡಿಸ್ಯಾರ?”

“ನಾನ್ರೀ.”

“ಯಾವಾಗ?”

“ನೀವು ಊಟಕ್ಕ ಹೋದಾಗ.”

ಪೆಟ್ಟಿಗೆಯ ಮುಚ್ಚಳ ಹಾಕಿದರು. ಆಮೇಲೆ, “ಇನ್ ಮ್ಯಾಲೆ ನನ್ನ ಡಬ್ಬಿ ಅಂಗಡಿಗೇ ತರಸ್ತೀನಿ ತಗೋ” ಎಂದರು. ಸಿಟ್ಟೋ ನಗೆಯೋ ತಿಳಿಯಲಿಲ್ಲ. ಪೂರ್ವಿಯ ಕಾಗದದ ಮೊದಲ ಭಾಗವನ್ನು ತೋರಿಸಿದೆ. ಹಿಂದಿನದನ್ನು ಮಡಿಚಿ ಇಟ್ಟುಕೊಂಡೆ.

ಎಲ್ಲಾ ಆಕೆ ಬರೆದ ಹಾಗೇ ಆಯಿತು. ಟೊಪ್ಪಿಗೆ ಎತ್ತಿದ್ದು ಇವರು, ಕೀಬೋರ್ಡಿನ ಮುಂದೆ ನಾನು. ಬರೆಯುವ ಮೊದಲು ನಂಬರ್ ಓದಿರಿ ಎಂದೆ.

“ಎಲ್ಲಾ ಒಂದ ಐತಿ. ಒತ್ತು.”

“ಓದಿ ಹೇಳ್ರಿ.”

“ಅಯ್ಯ, ಹೂಂ ಅಂದ್ನಲ್ಲ!”

“ನೀವು ಬೆನ್ನ ಮ್ಯಾಲಿಂದು ನೋಡೇ ಇಲ್ಲ. ನಾ ಬರಕೊಂಡಿದ್ದು ಇಲ್ಲೈತಿ, ಪರದೆ ಅಲ್ಲೈತಿ. ಒಂದೊಂದ ಓದ್ರಿ.”

“ಯವ್ವಾ, ಬಾ ಇಲ್ಲಿ, ನಿನ್ನ ಸೊಸಿ ನನಗ ಸಾಲಿ ಕಲಸಾಕತ್ತಾಳ!”

ಅತ್ತೆ ಊಟದ ಡಬ್ಬಿ ಹಿಡಿದು ಬಂದಿದ್ದರು. ಬಾಗಿಲಲ್ಲೇ ನಿಂತು, “ಓದಲ್ಲೋ. ಓದಿದ್ರ ನಿನ್ನ ಬಾಯೇನ್ ಸವೀತೈತೇನು?” ಎಂದರು. ಅತ್ತೆ ನನ್ನ ಕಡೆ ಮಾತಾಡಿದ್ದು ಅದೇ ಮೊದಲು. ಇವರು ಓದಿದರು. ನಡುವೆ ಒಂದಂಕಿ ಬಿಟ್ಟರು, ನಾನು ಮತ್ತೆ ಮೊದಲಿನಿಂದ ಓದಿಸಿದೆ. ಬೆರಳು ಎಂಟರ್ ಮೇಲೆ ಇತ್ತು ಅಕ್ಕ, ಒತ್ತಲು ಆಗುತ್ತಿರಲಿಲ್ಲ. ಅಷ್ಟು ದಿನ ಆಸೆಪಟ್ಟ ಕೀಬೋರ್ಡ್ ನನ್ನ ಮುಂದೆಯೇ ಇತ್ತು. ನಾನು ಮಾತ್ರ ಇವರ ಬಾಯಿ ನೋಡುತ್ತ ಕೂತಿದ್ದೆ. ನೀನು ಎರಡು ವರ್ಷ ನನ್ನ ಬಾಯಿ ನೋಡುತ್ತ ಕೂತಿದ್ದೆ ಎಂದು ನನಗೆ ಯಾರೂ ಹೇಳಲಿಲ್ಲ. ನೀನಂತೂ ಹೇಳುವವಳಲ್ಲ.

ಈಗ ಒಂದು ಮಾತು ಬರೆಯುತ್ತೇನೆ. ಬರೆಯುವಾಗ ಹೊಟ್ಟೆ ಉರಿಯುತ್ತಿದೆ, ಆದ್ದರಿಂದ ಒಂದೇ ಸಲ ಬರೆದು ಮುಗಿಸುತ್ತೇನೆ. ಪೂರ್ವಿಗೆ ಓದಲು ಬಿಡು. ಎಡಗಡೆ ಕೂರಿಸು. ಬೆನ್ನು ಹೇಗೆ ನೋಡಬೇಕು, ಸಂಶಯ ಬಂದರೆ ಹೇಗೆ ಹೂಂ ಅನ್ನದೆ ಬಾಯಿ ಮುಚ್ಚಿಕೊಂಡು ಕೂರಬೇಕು ಎಂದು ಕಲಿಸು. ನಿನಗೆ ಇನ್ನೊಮ್ಮೆ ಜ್ವರ ಬಂದು, ಅಮೃತಪ್ಪನವರು ಅವಸರ ಮಾಡಿದರೆ, ಆಕೆ ಒಬ್ಬಳೇ ಕೂತು ತಾನೇ ಓದಿ ತಾನೇ ಹೂಂ ಅನ್ನುತ್ತಾಳೆ. ಅದರಿಂದ ಏನಾಗುತ್ತದೆ ಎಂದು ನನಗೆ ಗೊತ್ತು. ಆಕೆ ನನ್ನ ಕಾರ್ಡ್ ಎಬ್ಬಿಸಿದವಳು. ನನ್ನ ಜಾಗ ಕಾಯುವುದಕ್ಕಾಗಿ ಆಕೆಯ ಕೈಯಲ್ಲಿ ಒಂದು ಕಾರ್ಡ್ ಸಾಯುವುದು ಬೇಡ.

ಪಂಚಮಿಗೆ ಅಣ್ಣ ಕರೆಯಲು ಬರುತ್ತಾನೆ. ದಿಲ್‌ಸುಖ್‌ನಗರದ ತವರುಮನೆಯಲ್ಲಿ ಒಂದು ವಾರ ಇರುತ್ತೇನೆ. ವರ್ಕ್‌ಶಾಪಿಗೆ ಮಾತ್ರ ಬರುವುದಿಲ್ಲ. ನೀನು ಬೆರಳು ಎತ್ತಿ ಕಾಯುವುದು, ಆಕೆ ನಿನಗೆ ಹೂಂ ಅನ್ನುವುದು, ಅದನ್ನು ನಾನು ನೋಡಲಾರೆ. ಅಷ್ಟು ದೊಡ್ಡ ಮನಸ್ಸು ನನಗೆ ಬಂದಿಲ್ಲ, ಬರುತ್ತದೆ ಎಂದೂ ಅನ್ನಿಸುವುದಿಲ್ಲ.

ನೀನೇ ಮನೆಗೆ ಬಾ. ಅವಲಕ್ಕಿ, ಅಳ್ಳಿಟ್ಟಿನ ಉಂಡಿ ಮಾಡಿರುತ್ತೇನೆ. ಒಬ್ಬಳೇ ಬಾ.

ಚಿನ್ನೂ